10-6-6-5

ಹಾಸ್ಟೆಲ್‌ನಲ್ಲಿ ಒಬ್ಬ ಸೀನಿಯರ್ ರೂಮಿನ ಗೋಡೆ ಮೇಲೆ ಸ್ಕೆಚ್ ಪೆನ್ನಿನಲ್ಲಿ 10-6-6-5 ಅಂತ ಬರೆದಿತ್ತು. ನಮ್ಮಲ್ಲೊಬ್ಬ ನೋಡಿದವನೇ "ಲೇ, ಹತ್ತರಿಂದ ಶುರು ಆಗ್ಯಾದ ಅಂದ್ರ ಪ್ರೈವೇಟ್ ಐಪಿ ಅದು, ಯಾವ್ದೋ ಲ್ಯಾಬಿಂದು" ಅಂದ. ಸೀನಿಯರ್ ಗದಗಿನವರು. ನಮ್ಮನ್ನ ಒಂಥರಾ ನೋಡಿ, "ನಮ್ಮೂರಿನ ಮನುಷ್ಯಾಂದು ಬೌಲಿಂಗ್ ಲೆಕ್ಕ ಅದು. ನಿಮ್ಮೂರಿಂದ ಎಷ್ಟ್ ದೂರ ಐತಪ್ಪಾ ಗದಗ? ಅಷ್ಟೂ ಗೊತ್ತಿಲ್ಲೇನು?" ಅಂದರು. ನಾಚಿಕೆ ಆಯ್ತು. ಈ ಲೇಖನ ಅಲ್ಲಿಂದ ಶುರು.

ನಾವು ಅಂದ್ರೆ ಒಂದೇ ಜಿಲ್ಲೆಯ ನಾಲ್ವರು. ಒಬ್ಬ ಕೊಪ್ಪಳ, ಒಬ್ಬ ಗಂಗಾವತಿ, ಒಬ್ಬ ಯಲಬುರ್ಗಾ, ಒಬ್ಬ ಕುಷ್ಟಗಿ. ನಾಲ್ವರೂ ಇಂಗ್ಲಿಷ್ ಮೀಡಿಯಂ. ಕನ್ನಡ ಕ್ಲಬ್‌ನವರು ಒತ್ತಕ್ಷರ ತಿದ್ದಿಕೊಡ್ತಾರೆ ಅನ್ನೋ ಧೈರ್ಯದಲ್ಲಿ ಬರೀತಿದ್ದೇವೆ. ಇನ್ನೊಂದು ವಿಷಯ ಮೊದಲೇ ಹೇಳಿಬಿಡ್ತೇವೆ. ನಮ್ಮ ಕುಷ್ಟಗಿಯವನು ಎಡಗೈ ಸ್ಪಿನ್ನರ್. ಈ ವರ್ಷ ಟೀಮ್ ಸೆಲೆಕ್ಷನ್‌ನಲ್ಲಿ ಅವನ ಹೆಸರು ಬರಲಿಲ್ಲ. ಹತ್ತೊಂಬತ್ತಕ್ಕೇ "ಮುಗೀತು ಬಿಡ್ರಲೇ" ಅಂತ ಕಿಟ್ ಬ್ಯಾಗನ್ನ ಮಂಚದ ಕೆಳಗೆ ತಳ್ಳಿದ್ದ.

ಆ ನಾಲ್ಕು ಸಂಖ್ಯೆಗಳ ಅರ್ಥ ಹೀಗೆ: 10 ಓವರ್, 6 ಮೇಡನ್, 6 ರನ್, 5 ವಿಕೆಟ್. 1999ರ ಸೆಪ್ಟೆಂಬರ್ 26, ಕೀನ್ಯಾದ ನೈರೋಬಿ, ಎಲ್‌ಜಿ ಕಪ್, ಎದುರಾಳಿ ದಕ್ಷಿಣ ಆಫ್ರಿಕಾ. ಬೌಲರ್ ಸುನಿಲ್ ಜೋಶಿ. ಒಂದು ಸಲ ಲೆಕ್ಕ ಹಾಕಿ ನೋಡಿ. 60 ಎಸೆತದಲ್ಲಿ 36 ಎಸೆತ ಬರೀ ಮೇಡನ್ ಓವರ್‌ಗಳಲ್ಲೇ ಹೋಯ್ತು. ಉಳಿದ 24ರಲ್ಲಿ 6 ರನ್. ಔಟಾದವರಲ್ಲಿ ಗಿಬ್ಸ್, ಕ್ರೋನಿಯೆ, ಜಾಂಟಿ ರೋಡ್ಸ್ ಇದ್ದರು. ದಕ್ಷಿಣ ಆಫ್ರಿಕಾ 117ಕ್ಕೆ ಆಲೌಟ್. ಅದೇ ಟೂರ್ನಿಯಲ್ಲಿ ನಮ್ಮವರೇ ಇನ್ನೊಬ್ಬರು, ವಿಜಯ್ ಭಾರದ್ವಾಜ್, ಮೊದಲ ಬಾರಿ ಭಾರತಕ್ಕೆ ಆಡಿ ಸರಣಿ ಶ್ರೇಷ್ಠ ಆದರು. ಅದು ಬೇರೆಯೇ ಕಥೆ, ಇನ್ನೊಂದು ಸಂಚಿಕೆಗೆ ಇರಲಿ.

ಜೋಶಿಯವರು ಹುಟ್ಟಿದ್ದು ಗದಗಿನಲ್ಲಿ, 1970ರ ಜೂನ್ 6ರಂದು. ಗದಗ ಆಗ ಜಿಲ್ಲೆ ಕೂಡ ಅಲ್ಲ, ಧಾರವಾಡಕ್ಕೆ ಸೇರಿತ್ತು. ನಮ್ಮ ಕೊಪ್ಪಳ ರಾಯಚೂರಿಗೆ. ಎರಡೂ ಜಿಲ್ಲೆ ಆಗಿದ್ದು 1997ರಲ್ಲಿ. ಅವರು ದಿನಾ ಬೆಳಿಗ್ಗೆ ಪ್ರಾಕ್ಟೀಸಿಗೆ ಅಂತ ಸುಮಾರು 60 ಕಿಲೋಮೀಟರ್ ದೂರದ ಹುಬ್ಬಳ್ಳಿಗೆ ಹೋಗಿ, ಶಾಲೆ ಹೊತ್ತಿಗೆ ವಾಪಸ್ ಗದಗಿಗೆ ಬರ್ತಿದ್ದರಂತೆ. ನಮಗೆ ಎಂಟು ಗಂಟೆ ಕ್ಲಾಸಿಗೆ ಹಾಸ್ಟೆಲ್‌ನಿಂದ ಇನ್ನೂರು ಮೀಟರ್ ನಡೆಯೋದೇ ಕಷ್ಟ. ಈಗಂತೂ ಕೊಪ್ಪಳದಿಂದ, ಗಂಗಾವತಿಯಿಂದ ಹುಬ್ಬಳ್ಳಿಗೆ ರೈಲಿದೆ. 2025ರಲ್ಲಿ ಯಲಬುರ್ಗಾ ದಾಟಿ ಕುಷ್ಟಗಿಗೂ ರೈಲು ಬಂತು. ಎಲ್ಲವೂ ಗದಗಿನ ಮೇಲೇ ಹೋಗ್ತವೆ. ನಾವು ಗದಗ ಸ್ಟೇಷನ್ನಿನಲ್ಲಿ ಇಳಿದು ಮಿರ್ಚಿ ತಿಂದದ್ದು ಬಿಟ್ಟರೆ ಆ ಊರಿನ ಬಗ್ಗೆ ಬೇರೇನೂ ತಿಳ್ಕೊಂಡಿರಲಿಲ್ಲ.

ದೂರ ಹೋಗಬೇಕಾಗಿದ್ದು ಯಾಕೆ ಅನ್ನೋದು ನಮ್ಮಂಥವರಿಗೆ ಬೇಗ ಅರ್ಥ ಆಗುತ್ತೆ. ನಾವು ಬೆಳೆದಿದ್ದು ಟೆನ್ನಿಸ್ ಬಾಲ್‌ನಲ್ಲಿ. ಗಂಗಾವತಿ ಕಡೆ ಭತ್ತ ಕೊಯ್ದು ಗದ್ದೆ ಒಣಗಿದಾಗ ಒಂದಿಷ್ಟು ದಿನ ಆಟ, ಆಮೇಲೆ ಕಾಲುವೆಗೆ ನೀರು ಬಿಟ್ಟರೆ ಗ್ರೌಂಡೇ ಇಲ್ಲ. ಟೆನ್ನಿಸ್ ಬಾಲ್ 60 ಗ್ರಾಮೂ ಇರಲ್ಲ, ಲೆದರ್ ಬಾಲ್ 156ರಿಂದ 163 ಗ್ರಾಂ. ಟೆನ್ನಿಸ್ ಬಾಲಿಗೆ ಎದ್ದು ನಿಲ್ಲೋ ಹೊಲಿಗೆ, ಅಂದ್ರೆ ಸೀಮ್, ಇರಲ್ಲ. ಸ್ಪಿನ್ನರ್ ಬೆರಳು ಹಿಡಿಯೋದೇ ಆ ಸೀಮನ್ನ. ನೆಲಕ್ಕೆ ಬಿದ್ದಾಗ ಮಣ್ಣನ್ನ ಕಚ್ಚೋದೂ ಅದೇ. ಹೀಗಾಗಿ ನಮ್ಮೂರಲ್ಲಿ ಸ್ಪಿನ್ ಹಾಕಿದವನಿಗೆ ಸಿಕ್ಸರ್ ಗ್ಯಾರಂಟಿ, ಎಲ್ಲರೂ ಜೋರಾಗಿ ಎಸೆಯೋರೇ.

ಮೆಕ್ಯಾನಿಕಲ್‌ನವರು ಫ್ಲೂಯಿಡ್ಸ್‌ನಲ್ಲಿ ಮ್ಯಾಗ್ನಸ್ ಎಫೆಕ್ಟ್ ಓದಿರ್ತೀರಿ. ತಿರುಗ್ತಾ ಹೋಗೋ ಚೆಂಡು ಒಂದು ಬದಿಯ ಗಾಳಿಯನ್ನ ಎಳ್ಕೊಂಡು ಹೋಗುತ್ತೆ, ಇನ್ನೊಂದು ಬದಿಯದನ್ನ ತಡೆಯುತ್ತೆ; ಒತ್ತಡದ ವ್ಯತ್ಯಾಸದಿಂದ ದಾರಿ ಬಾಗುತ್ತೆ. ಚೆಂಡು ಮುಂದಕ್ಕೆ ಉರುಳೋ ಹಾಗೆ ತಿರುಗಿದ್ದರೆ ಬೇಗ ಕೆಳಗಿಳಿಯುತ್ತೆ. ಬ್ಯಾಟ್ಸ್‌ಮನ್ ಕಣ್ಣು "ಇಲ್ಲಿ ಬೀಳುತ್ತೆ" ಅಂತ ಲೆಕ್ಕ ಹಾಕಿ ಕಾಲು ಮುಂದಿಟ್ಟಿರುತ್ತೆ, ಚೆಂಡು ಅದಕ್ಕಿಂತ ಮೊದಲೇ ಬೀಳುತ್ತೆ. ಎಡಗೈ ಸ್ಪಿನ್ನರ್‌ನ ಚೆಂಡು ಆಮೇಲೆ ಬಲಗೈ ಬ್ಯಾಟ್ಸ್‌ಮನ್‌ನಿಂದ ಹೊರಗೆ ತಿರುಗುತ್ತೆ. ಇಷ್ಟನ್ನೂ ಒಂದೇ ಜಾಗದಲ್ಲಿ ಅರವತ್ತು ಸಲ ಮಾಡೋದು ಸುಲಭ ಅಲ್ಲ.

ಇಷ್ಟಿದ್ದೂ ಜೋಶಿಯವರ ಭಾರತ ತಂಡದ ಜೀವನ ದೊಡ್ಡದಲ್ಲ. 1995-96ರ ರಣಜಿ ಸೀಸನ್ನಿನಲ್ಲಿ 500ಕ್ಕೂ ಹೆಚ್ಚು ರನ್, 50ಕ್ಕೂ ಹೆಚ್ಚು ವಿಕೆಟ್, ಕರ್ನಾಟಕ ಚಾಂಪಿಯನ್. ಮುಂದಿನ ಜೂನ್ 6ಕ್ಕೆ, ತಮ್ಮ ಹುಟ್ಟುಹಬ್ಬದ ದಿನವೇ, ಎಜ್‌ಬಾಸ್ಟನ್‌ನಲ್ಲಿ ಮೊದಲ ಟೆಸ್ಟ್. ಆದರೆ ಅದು ಕುಂಬ್ಳೆ ಕಾಲ. ಒಬ್ಬನೇ ಸ್ಪಿನ್ನರ್ ಸಾಕು ಅಂದ ದಿನ ಹೊರಗೆ ಕೂತವರು ಜೋಶಿ. ಒಟ್ಟು 15 ಟೆಸ್ಟ್, 41 ವಿಕೆಟ್. 69 ಒನ್ ಡೇ, 69 ವಿಕೆಟ್. 2001ಕ್ಕೆ ಭಾರತ ತಂಡದ ಬಾಗಿಲು ಮುಚ್ಚಿತು. ಅಲ್ಲಿಗೆ ನಿಲ್ಲಿಸಲಿಲ್ಲ, ರಣಜಿ ಆಡ್ತಾನೇ ಹೋದರು. 2012ರಲ್ಲಿ ನಿವೃತ್ತಿ ಹೇಳುವಾಗ ಪ್ರಥಮ ದರ್ಜೆಯಲ್ಲಿ 160 ಪಂದ್ಯ, 615 ವಿಕೆಟ್, 5,129 ರನ್. ಈ 615ರ ಮುಂದೆ ಆ 41 ಎಷ್ಟು ಸಣ್ಣದು! ನಮಗೆ ಹೆಚ್ಚು ಇಷ್ಟ ಆಗಿದ್ದು 615ನೇ.

ಕೋಚ್ ಆದ ಮೇಲಿನ ಕಥೆ ಇದಕ್ಕಿಂತ ಚೆನ್ನಾಗಿದೆ ಅನ್ನೋದು ನಮ್ಮ ಅಭಿಪ್ರಾಯ. ಹೈದರಾಬಾದ್ ರಣಜಿ ತಂಡ ಆದ ಮೇಲೆ ಅವರು ಹೋಗಿದ್ದು ಜಮ್ಮು ಮತ್ತು ಕಾಶ್ಮೀರಕ್ಕೆ. 2014ರ ಸೆಪ್ಟೆಂಬರ್‌ನಲ್ಲಿ ಅಲ್ಲಿ ದೊಡ್ಡ ಪ್ರವಾಹ ಬಂತು, ಶ್ರೀನಗರದ ಕ್ರಿಕೆಟ್ ಮೈದಾನಕ್ಕೂ ನೀರು ನುಗ್ಗಿತು. ಡಿಸೆಂಬರ್‌ನಲ್ಲಿ ರಣಜಿಯ ಪಂದ್ಯ, ಮುಂಬೈನ ವಾಂಖೆಡೆಯಲ್ಲಿ, 40 ಸಲ ಗೆದ್ದ ಮುಂಬೈ ಎದುರು. ಪರ್ವೇಜ್ ರಸೂಲ್ ನಾಯಕ. ಮೊದಲ ಇನಿಂಗ್ಸ್‌ನಲ್ಲಿ ಜಮ್ಮು-ಕಾಶ್ಮೀರಕ್ಕೆ 18 ರನ್ ಮುನ್ನಡೆ. ಕೊನೆಗೆ 237 ಗುರಿ. 6 ವಿಕೆಟ್ ಕಳ್ಕೊಂಡು ಹೊಡೆದೇಬಿಟ್ಟರು. ಸ್ಕೋರ್‌ಕಾರ್ಡ್ ತೆಗೆದು ನೋಡಿ, ಜೋಶಿ ಹೆಸರು ಎಲ್ಲೂ ಇಲ್ಲ. ಕೋಚ್‌ಗೆ ಅಲ್ಲಿ ಕಾಲಮ್ಮೇ ಇಲ್ಲ. ಅಮೆರಿಕದ ಬೇಸ್‌ಬಾಲ್‌ನಲ್ಲಿ ಪಿಚಿಂಗ್ ಕೋಚ್, ಮ್ಯಾನೇಜರ್ ಎಲ್ಲರೂ ಆಟಗಾರರ ಡ್ರೆಸ್ಸಿನಲ್ಲೇ ಕೂತಿರ್ತಾರೆ, ಕ್ಯಾಮೆರಾಗೆ ಗುರುತು ಸಿಗುತ್ತೆ. ನಮ್ಮಲ್ಲಿ ಟ್ರ್ಯಾಕ್ ಸೂಟ್ ಹಾಕ್ಕೊಂಡು ಮೂಲೇಲಿ ಕೂರಬೇಕು.

2016ರ ಟಿ20 ವಿಶ್ವಕಪ್‌ನಲ್ಲಿ ಒಮಾನ್ ತಂಡದ ಜೊತೆಗಿದ್ದರು. ಒಮಾನ್ ಧರ್ಮಶಾಲಾದಲ್ಲಿ ಐರ್ಲೆಂಡನ್ನ ಸೋಲಿಸಿತು. 2017ರಲ್ಲಿ ಬಾಂಗ್ಲಾದೇಶ ಸ್ಪಿನ್ ಸಲಹೆಗಾರರಾಗಿ ಕರೀತು. ಇಲ್ಲೊಂದು ತಮಾಷೆ ಇದೆ. 2000ದ ನವೆಂಬರ್‌ನಲ್ಲಿ ಬಾಂಗ್ಲಾದೇಶ ಢಾಕಾದಲ್ಲಿ ತನ್ನ ಮೊಟ್ಟಮೊದಲ ಟೆಸ್ಟ್ ಆಡಿದಾಗ 92 ರನ್ ಹೊಡೆದು, ಎರಡೂ ಇನಿಂಗ್ಸ್ ಸೇರಿ 8 ವಿಕೆಟ್ ತೆಗೆದು ಪಂದ್ಯಶ್ರೇಷ್ಠ ಆಗಿದ್ದು ಇದೇ ಜೋಶಿ. ಹದಿನೇಳು ವರ್ಷದ ಮೇಲೆ ಅದೇ ಊರಿನಲ್ಲಿ ಅವರದೇ ಸ್ಪಿನ್ನರ್‌ಗಳಿಗೆ ಪಾಠ. ಆ ಆಗಸ್ಟ್‌ನಲ್ಲೇ ಬಾಂಗ್ಲಾದೇಶ 20 ರನ್‌ಗಳಿಂದ ಆಸ್ಟ್ರೇಲಿಯಾ ವಿರುದ್ಧ ಮೊದಲ ಟೆಸ್ಟ್ ಗೆದ್ದಿತು. ಶಕೀಬ್‌ಗೆ 10 ವಿಕೆಟ್, ಅವರೂ ಎಡಗೈ ಸ್ಪಿನ್ನರ್. ಎಲ್ಲಾ ಜೋಶಿಯವರದ್ದೇ ಕೈಚಳಕ ಅಂತ ನಾವು ಹೇಳಲ್ಲ, ಹಾಗೆ ಹೇಳಿದರೆ ಶಕೀಬ್ ಬೇಜಾರ್ ಮಾಡ್ಕೋತಾರೆ. 2020ರ ಮಾರ್ಚ್‌ನಲ್ಲಿ ಭಾರತದ ಆಯ್ಕೆ ಸಮಿತಿ ಅಧ್ಯಕ್ಷರಾದರು. ಎಷ್ಟೋ ಸಲ ಪಟ್ಟಿಯಿಂದ ಹೊರಗುಳಿದವರೇ ಪಟ್ಟಿ ಬರೆಯೋ ಕುರ್ಚಿಯಲ್ಲಿ ಕೂತರು.

ಇದನ್ನೆಲ್ಲ ಓದಿ ಹೇಳಿದಾಗ ನಮ್ಮ ಕುಷ್ಟಗಿಯವನು ಹೆಚ್ಚೇನೂ ಮಾತಾಡಲಿಲ್ಲ. "160 ಮ್ಯಾಚಾ?" ಅಂತ ಒಂದೇ ಸಲ ಕೇಳಿದ. ದಸರಾ ರಜೆಗೆ ಊರಿಗೆ ಹೋಗುವಾಗ ಕಿಟ್ ಬ್ಯಾಗ್ ಮಂಚದ ಕೆಳಗೆ ಇರಲಿಲ್ಲ. ಅಲ್ಲಿಂದ ಒಂದು ವಿಡಿಯೋ ಕಳಿಸಿದ್ದಾನೆ: ಶಾಲೆ ಹುಡುಗರು ಏಳೆಂಟು ಜನ, ಒಂದೇ ಲೆದರ್ ಬಾಲ್, ಪಾಳಿ ಮೇಲೆ ಹಾಕ್ತಿದ್ದಾರೆ. ಹಿಂದಿನಿಂದ ಇವನ ದನಿ ಕೇಳುತ್ತೆ. "ತಮ್ಮಾ, ಜೋರಾಗಿ ಒಗೀಬ್ಯಾಡ. ಬೆರಳು ಅಗಲ ಇಡು, ಸೀಮ್ ಮ್ಯಾಲ. ಹಾಂ, ಈಗ ಹಾಕು."