ಕ್ಯಾಪಾಬ್ಲಾಂಕಾರನ್ನು ಮಣಿಸಿದ ಸುಲ್ತಾನ್ ಖಾನರು

ಚದುರಂಗದ ಪಟವುಳ್ಳ ಮನೆಗಳಲ್ಲಿ ಅಜ್ಜ-ಮೊಮ್ಮಕ್ಕಳ ನಡುವೆ ಒಂದು ವಾಗ್ವಾದ ತಪ್ಪಿದ್ದಲ್ಲ. ಮೊಮ್ಮಗನು ಕಾಲಾಳನ್ನು ಮೊದಲ ನಡೆಯಲ್ಲಿಯೇ ಎರಡು ಮನೆ ಮುಂದಿಡುತ್ತಾನೆ. ಕಾಲಾಳು ಒಮ್ಮೆಗೇ ಎರಡು ಹೆಜ್ಜೆ ಹಾಕುವುದುಂಟೇ ಎಂದು ಅಜ್ಜನವರು ಅದನ್ನು ಹಿಂದಕ್ಕೆ ಸರಿಸುತ್ತಾರೆ. ನಿಜ ಹೇಳಬೇಕೆಂದರೆ ಇಬ್ಬರದೂ ಸರಿಯೇ. ಅಜ್ಜನವರದು ದೇಶಿ ಆಟ. ಮೊಮ್ಮಗನದು ಇಲ್ಲಿಂದ ಪರ್ಷಿಯಾ, ಅರಬ್ ನಾಡುಗಳ ಮಾರ್ಗವಾಗಿ ಯುರೋಪನ್ನು ಸೇರಿ, ಅಲ್ಲಿ ಹದಿನೈದನೆಯ ಶತಮಾನದ ಕೊನೆಯ ಹೊತ್ತಿಗೆ ಹೊಸ ವೇಗ ಪಡೆದು, ಮರಳಿ ನಮ್ಮಲ್ಲಿಗೇ ಬಂದ ಆಟ.

ಈ ಆಟ ನಮ್ಮ ನಾಡಿಗೆ ಹೊಸತೇನಲ್ಲ. ಕಲ್ಯಾಣದಿಂದ ಆಳಿದ ಚಾಲುಕ್ಯ ಅರಸ ಮೂರನೆಯ ಸೋಮೇಶ್ವರನು ಹನ್ನೆರಡನೆಯ ಶತಮಾನದಲ್ಲಿ ರಚಿಸಿದ ‘ಮಾನಸೋಲ್ಲಾಸ’ದಲ್ಲಿ ಅರಸರ ವಿನೋದಗಳ ಸಾಲಿನಲ್ಲಿ ಚದುರಂಗಕ್ಕೂ ಸ್ಥಾನವಿದೆ. ಅನಂತರದ ಶತಮಾನಗಳಲ್ಲಿ ದೇಶಿ ಆಟದ ನಿಯಮಗಳು ಪ್ರಾಂತದಿಂದ ಪ್ರಾಂತಕ್ಕೆ ಅಷ್ಟಿಷ್ಟು ಬೇರೆಯಾದವು. ಆದರೂ ಮುಖ್ಯ ಲಕ್ಷಣಗಳನ್ನು ಗುರುತಿಸಬಹುದು. ಕಾಲಾಳು ಎಂದಿಗೂ ಒಂದೊಂದೇ ಮನೆ ನಡೆಯುತ್ತದೆ. ಆದಕಾರಣ ಎರಡು ಮನೆ ಜಿಗಿದ ಕಾಲಾಳನ್ನು ಪಕ್ಕದ ಕಾಲಾಳು ದಾರಿಯಲ್ಲಿಯೇ ಹಿಡಿದು ಕಡಿಯುವ ಪಾಶ್ಚಾತ್ಯ ನಿಯಮಕ್ಕೆ ಇಲ್ಲಿ ಅವಕಾಶವೇ ಇಲ್ಲ. ರಾಜ ಮತ್ತು ಆನೆ ಒಂದೇ ನಡೆಯಲ್ಲಿ ಸ್ಥಾನ ಬದಲಿಸುವ ‘ಕ್ಯಾಸಲಿಂಗ್’ ಇಲ್ಲ. ಅದರ ಬದಲು, ಇನ್ನೂ ಶಹ ತಗಲದ ರಾಜನು ಆಟದಲ್ಲಿ ಒಂದು ಸಲ ಕುದುರೆಯಂತೆ ಹಾರಬಹುದು. ಕಾಲಾಳು ಕೊನೆಯ ಮನೆಯನ್ನು ಮುಟ್ಟಿದರೆ ಯಾವ ಸಾಲಿನಲ್ಲಿ ಮುಟ್ಟಿತೋ ಆ ಸಾಲಿನ ಕಾಯಿಯಾಗುತ್ತದೆ: ಆನೆಯ ಸಾಲಿನಲ್ಲಿ ಆನೆ, ಒಂಟೆಯ ಸಾಲಿನಲ್ಲಿ ಒಂಟೆ. ಪಾಶ್ಚಾತ್ಯ ಆಟದಲ್ಲಾದರೋ ಯಾವ ಮನೆಯಲ್ಲಿ ಮುಟ್ಟಿದರೂ ಮಂತ್ರಿಯನ್ನೇ ಬೇಡಬಹುದು.

ಇವು ಸಣ್ಣ ಭೇದಗಳೆಂದು ತೋರಬಹುದು. ಆದರೆ ಒಂದೊಂದೇ ಹೆಜ್ಜೆಯ ಕಾಲಾಳುಗಳಿಂದ ಆಟದ ಆರಂಭ ನಿಧಾನವಾಗುತ್ತದೆ. ಸೈನ್ಯಗಳು ಎದುರುಬದುರಾಗುವ ಮುನ್ನ ವ್ಯೂಹ ಕಟ್ಟಿಕೊಳ್ಳಲು ಬೇಕಾದಷ್ಟು ಕಾಲವಿರುತ್ತದೆ. ಪಾಶ್ಚಾತ್ಯ ಆಟದಲ್ಲಿ ಮೂರು ನಾಲ್ಕನೆಯ ನಡೆಗೇ ಕದನ ಆರಂಭವಾಗುವುದರಿಂದ ಅಲ್ಲಿ ಆರಂಭದ ನಡೆಗಳ ಮೇಲೆ ದೊಡ್ಡ ದೊಡ್ಡ ಗ್ರಂಥಗಳೇ ಹುಟ್ಟಿವೆ. ಆ ಗ್ರಂಥಗಳಲ್ಲಿ ಒಂದನ್ನೂ ಅಭ್ಯಸಿಸದ ಪಂಜಾಬಿನ ಒಬ್ಬ ಯುವಕರು ಲಂಡನ್ನಿಗೆ ಹೋಗಿ ಏನು ಸಾಧಿಸಿದರೆಂಬುದೇ ಈ ಲೇಖನದ ವಿಷಯ.

ಮೀರ್ ಸುಲ್ತಾನ್ ಖಾನರು ಇಪ್ಪತ್ತನೆಯ ಶತಮಾನದ ಆರಂಭದಲ್ಲಿ, ಇಂದು ಪಾಕಿಸ್ತಾನಕ್ಕೆ ಸೇರಿದ ಪಂಜಾಬಿನ ಮೀಠಾ ತಿವಾನಾ ಎಂಬ ಊರಿನ ಕಡೆಯಲ್ಲಿ ಜನಿಸಿದರು. ಬಾಲ್ಯದಲ್ಲಿ ತಂದೆಯವರಿಂದ ದೇಶಿ ಆಟ ಕಲಿತರು. ಆ ಪ್ರದೇಶದ ದೊಡ್ಡ ಜಮೀನ್ದಾರರಾದ ಸರ್ ಉಮರ್ ಹಯಾತ್ ಖಾನರು ಇವರ ಪ್ರತಿಭೆಯನ್ನು ಕಂಡು ಆಶ್ರಯವಿತ್ತು, ಪಾಶ್ಚಾತ್ಯ ನಿಯಮಗಳನ್ನು ಕಲಿಸುವ ಏರ್ಪಾಡು ಮಾಡಿದರು. 1928ರಲ್ಲಿ ಸುಲ್ತಾನ್ ಖಾನರು ಅಖಿಲ ಭಾರತ ಚಾಂಪಿಯನ್ ಆದರು. 1929ರಲ್ಲಿ ಸರ್ ಉಮರರು ಭಾರತ ಮಂತ್ರಿಯ ಸಲಹಾ ಮಂಡಲಿಯ ಸದಸ್ಯರಾಗಿ ಲಂಡನ್ನಿಗೆ ತೆರಳಿದಾಗ ಇವರೂ ಜೊತೆಯಲ್ಲಿ ಹೋದರು.

ಅಲ್ಲಿ ಅಭ್ಯಾಸಕ್ಕೆಂದೇ ನಡೆಸಿದ ಒಂದು ಚಿಕ್ಕ ಪಂದ್ಯಾವಳಿಯಲ್ಲಿ ಇವರಿಗೆ ದೊರೆತದ್ದು ಕೊನೆಯ ಸ್ಥಾನ, ಅದೂ ಹಂಚಿಕೊಂಡು! ಆರಂಭದ ನಡೆಗಳಲ್ಲಿಯೇ ಎಡವುತ್ತಿದ್ದರು. ವಿಂಟರ್ ಮತ್ತು ಯೇಟ್ಸ್ ಎಂಬ ಇಬ್ಬರು ಆಂಗ್ಲ ಆಟಗಾರರು ಕೆಲಕಾಲ ಅಭ್ಯಾಸ ಮಾಡಿಸಿದರು. ಅದೇ ವರ್ಷದ ಬೇಸಿಗೆಯಲ್ಲಿ ರಾಮ್ಸ್‌ಗೇಟ್ ಎಂಬಲ್ಲಿ ನಡೆದ ಬ್ರಿಟಿಷ್ ಚಾಂಪಿಯನ್‌ಷಿಪ್ಪಿನಲ್ಲಿ ಸುಲ್ತಾನ್ ಖಾನರೇ ಪ್ರಥಮರು. 1932 ಮತ್ತು 1933ರಲ್ಲಿ ಅದೇ ಗೌರವ ಮತ್ತೆರಡು ಬಾರಿ ಅವರದಾಯಿತು.

1930ರ ಕೊನೆಯಲ್ಲಿ ಆರಂಭವಾಗಿ 1931ಕ್ಕೆ ಮುಗಿದ ಹೇಸ್ಟಿಂಗ್ಸ್ ಪಂದ್ಯಾವಳಿಯನ್ನು ಇಲ್ಲಿ ವಿಶೇಷವಾಗಿ ನೆನೆಯಬೇಕು. ಕ್ಯೂಬಾ ದೇಶದ ಹೋಸೆ ರೌಲ್ ಕ್ಯಾಪಾಬ್ಲಾಂಕಾ ಅವರು 1921ರಿಂದ 1927ರವರೆಗೆ ವಿಶ್ವ ಚಾಂಪಿಯನ್ ಆಗಿದ್ದವರು. 1916ರಿಂದ 1924ರವರೆಗೆ ಎಂಟು ವರ್ಷಗಳ ಕಾಲ ಸ್ಪರ್ಧೆಯ ಒಂದು ಆಟದಲ್ಲಿಯೂ ಸೋಲದವರು. ಅಂತಹವರು ಹೇಸ್ಟಿಂಗ್ಸ್‌ನಲ್ಲಿ ಸುಲ್ತಾನ್ ಖಾನರೆದುರು 65 ನಡೆಗಳ ಆಟವೊಂದನ್ನು ಸೋತರು. ಆ ಆಟದಲ್ಲಿ ಮಿಂಚಿನಂತಹ ದಾಳಿಯಿಲ್ಲ, ಮಂತ್ರಿಯ ಬಲಿದಾನವಿಲ್ಲ. ಎದುರಾಳಿಯ ಕಾಯಿಗಳಿಗೆ ಉಸಿರಾಡಲು ಜಾಗವಿಲ್ಲದಂತೆ ಬಿಳಿಯ ಕಾಯಿಗಳು ತಾಳ್ಮೆಯಿಂದ ಮುತ್ತುತ್ತ ಹೋಗುತ್ತವೆ. ದೇಶಿ ಆಟದ ನಿಧಾನವೇ ಅಲ್ಲಿ ಇವರ ಕೈಹಿಡಿಯಿತೆಂದು ನಮ್ಮ ಭಾವನೆ. ಕ್ಯಾಪಾಬ್ಲಾಂಕಾರೇ ಮುಂದೆ ಇವರನ್ನು ಪ್ರತಿಭಾಶಾಲಿಯೆಂದು ಕೊಂಡಾಡಿದರು. ಆ ಪಂದ್ಯಾವಳಿಯಲ್ಲಿ ಯೂವೆ ಮೊದಲಿಗರು, ಕ್ಯಾಪಾಬ್ಲಾಂಕಾ ಎರಡನೆಯವರು, ಇವರು ಮೂರನೆಯವರು.

1930ರಲ್ಲಿ ಹ್ಯಾಂಬರ್ಗ್, 1931ರಲ್ಲಿ ಪ್ರಾಗ್, 1933ರಲ್ಲಿ ಫೋಕ್‌ಸ್ಟನ್ ಒಲಿಂಪಿಯಾಡ್‌ಗಳಲ್ಲಿ ಅವರು ಇಂಗ್ಲೆಂಡಿನ ತಂಡದ ಮೊದಲ ಪಟದಲ್ಲಿ ಕುಳಿತರು. ಪ್ರಾಗ್‌ನಲ್ಲಿ ರುಬಿನ್‌ಸ್ಟೈನ್ ಮತ್ತು ಫ್ಲೋರ್ ಅವರನ್ನು ಸೋಲಿಸಿ, ಅಂದಿನ ವಿಶ್ವ ಚಾಂಪಿಯನ್ ಅಲೆಖೈನರೊಡನೆ ಸಮ ಮಾಡಿಕೊಂಡರು. ಅದೇ ವರ್ಷ ಟಾರ್ಟಕೋವರ್ ಅವರನ್ನು ಹನ್ನೆರಡು ಆಟಗಳ ಸರಣಿಯಲ್ಲಿ ಗೆದ್ದರು. ಇಷ್ಟೆಲ್ಲ ನಡೆದದ್ದು ಐದು ವರ್ಷಗಳೊಳಗೆ. ಅದೂ ಲಂಡನ್ನಿನ ಚಳಿ ಒಗ್ಗದೆ, ಮಲೇರಿಯಾ ಮತ್ತು ನೆಗಡಿಯಿಂದ ಪದೇ ಪದೇ ನರಳುತ್ತ.

ಸರ್ ಉಮರರ ಪರಿವಾರದಲ್ಲಿದ್ದ ಫಾತಿಮಾ ಎಂಬ ತರುಣಿಯನ್ನೂ ಇಲ್ಲಿ ಮರೆಯಲಾಗದು. ಸುಲ್ತಾನ್ ಖಾನರು ಮೂರನೆಯ ಬಾರಿ ಗೆದ್ದ 1933ರಲ್ಲಿ, ಅದೇ ಹೇಸ್ಟಿಂಗ್ಸ್‌ನಲ್ಲಿ, ಬ್ರಿಟಿಷ್ ಮಹಿಳಾ ಚಾಂಪಿಯನ್ ಆದವರು ಈಕೆಯೇ. ಒಂದೇ ಮನೆಯಿಂದ ಹೋದ ಇಬ್ಬರು ಭಾರತೀಯರು ಆಳುವವರ ನಾಡಿನಲ್ಲಿ ಎರಡೂ ಪ್ರಶಸ್ತಿಗಳನ್ನು ಗೆದ್ದರೆಂಬುದು ನಮ್ಮ ಪಠ್ಯಪುಸ್ತಕಗಳಲ್ಲಿ ಬರಬೇಕಾದ ಸಂಗತಿ.

ಸುಲ್ತಾನ್ ಖಾನರ ಸ್ಥಿತಿಗತಿಯ ವಿಷಯದಲ್ಲಿ ಭಿನ್ನಾಭಿಪ್ರಾಯವಿದೆ. ಅಮೆರಿಕದ ಆಟಗಾರ ರೂಬೆನ್ ಫೈನ್ ಅವರು ತಮ್ಮ ತಂಡವನ್ನು ಸರ್ ಉಮರರು ಲಂಡನ್ನಿನ ಮನೆಗೆ ಭೋಜನಕ್ಕೆ ಕರೆದ ಪ್ರಸಂಗವನ್ನು ಬರೆದಿದ್ದಾರೆ. ಪಟದ ಮುಂದೆ ತಮಗೆ ಸರಿಸಮಾನರಾಗಿ ಕುಳಿತ ಚಾಂಪಿಯನ್ನರೇ ಅಲ್ಲಿ ಅತಿಥಿಗಳಿಗೆ ಬಡಿಸಲು ನಿಂತುದನ್ನು ಕಂಡು ಅವರಿಗೆ ಬಹಳ ಮುಜುಗರವಾಯಿತಂತೆ. ಬಹುಕಾಲ ಪಾಶ್ಚಾತ್ಯ ಲೇಖಕರು ಇವರನ್ನು ಸೇವಕರೆಂದೇ ಚಿತ್ರಿಸಿದರು. ಇದನ್ನು ಅವರ ವಂಶಸ್ಥರು ಒಪ್ಪುವುದಿಲ್ಲ. ತಮ್ಮದು ಭೂಮಿಯುಳ್ಳ ಗೌರವಸ್ಥ ಮನೆತನವೆನ್ನುತ್ತಾರೆ. ಅವರ ಮಾತಿಗೂ ಬೆಲೆ ಕೊಡಬೇಕಾದುದು ನ್ಯಾಯ. ಆದರೆ ಆಶ್ರಯದಾತರು ಸ್ವದೇಶಕ್ಕೆ ಹೊರಟೊಡನೆ ಇವರ ಅಂತರರಾಷ್ಟ್ರೀಯ ಆಟವೂ ನಿಂತುಹೋಯಿತೆಂಬುದರಲ್ಲಿ ಸಂಶಯವಿಲ್ಲ. 1933ರ ಕೊನೆಯಲ್ಲಿ ಮರಳಿದವರು ಮತ್ತೆ ಯುರೋಪಿನ ಪಟದ ಮುಂದೆ ಕೂರಲಿಲ್ಲ. 1935ರಲ್ಲಿ ಖಾಡಿಲ್ಕರ್ ಅವರೊಡನೆ ಆಡಿದ ಹತ್ತು ಆಟಗಳಲ್ಲಿ ಒಂದನ್ನು ಮಾತ್ರ ಸಮ ಮಾಡಿಕೊಂಡು ಉಳಿದವನ್ನೆಲ್ಲ ಗೆದ್ದರು. ಆಗ ಅವರಿಗೆ ಮೂವತ್ತು ದಾಟಿ ಹೆಚ್ಚು ಕಾಲವಾಗಿರಲಿಲ್ಲ.

1950ರಲ್ಲಿ ವಿಶ್ವ ಚದುರಂಗ ಸಂಸ್ಥೆಯಾದ ಫಿಡೆ ಮೊದಲ ಬಾರಿಗೆ ಅಧಿಕೃತವಾಗಿ ಗ್ರ್ಯಾಂಡ್‌ಮಾಸ್ಟರ್ ಬಿರುದುಗಳನ್ನು 27 ಮಂದಿಗೆ ನೀಡಿತು. ಆಟದಿಂದ ಎಂದೋ ನಿವೃತ್ತರಾಗಿದ್ದ ರುಬಿನ್‌ಸ್ಟೈನ್ ಅವರಿಗೆ ಅದು ಸಂದಿತು. ಟಾರ್ಟಕೋವರ್, ಫ್ಲೋರ್ ಇಬ್ಬರಿಗೂ ಸಂದಿತು. ಈ ಮೂವರನ್ನೂ ಸೋಲಿಸಿದ್ದ ಸುಲ್ತಾನ್ ಖಾನರು ಆಗ ಬದುಕಿದ್ದರು. ಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ. ಸರ್ ಉಮರರು 1944ರಲ್ಲಿ ತೀರಿಕೊಂಡ ಮೇಲೆ ತಮ್ಮ ಪಾಲಿಗೆ ಬಂದ ಹೊಲಮನೆಯಲ್ಲಿ ಅವರು ಕೃಷಿ ಮಾಡಿಕೊಂಡಿದ್ದರು. ಮಕ್ಕಳಿಗೆ ಚದುರಂಗ ಕಲಿಸಲಿಲ್ಲ. ಇದಕ್ಕಿಂತ ಉಪಯೋಗವಾದ ಬೇರೆ ಕೆಲಸವನ್ನು ನೋಡಿಕೊಳ್ಳಿರೆಂದು ಹೇಳುತ್ತಿದ್ದರಂತೆ. ಕ್ಯಾಪಾಬ್ಲಾಂಕಾರನ್ನು ಗೆದ್ದವರ ಬಾಯಲ್ಲಿ ಈ ಮಾತು ಬಂದಿತೆಂಬುದನ್ನು ಓದುವಾಗ ನಮ್ಮ ಮನಸ್ಸು ಕಲಕುತ್ತದೆ. 1966ರಲ್ಲಿ ಸರ್ಗೋಧಾದಲ್ಲಿ ಅವರು ನಿಧನರಾದರು.

ಫಿಡೆಗೆ ಅವರ ನೆನಪಾದುದು 2024ರ ಫೆಬ್ರವರಿಯಲ್ಲಿ. ಮರಣಾನಂತರ ಗೌರವ ಗ್ರ್ಯಾಂಡ್‌ಮಾಸ್ಟರ್ ಬಿರುದನ್ನು ಇಸ್ಲಾಮಾಬಾದಿನಲ್ಲಿ ಘೋಷಿಸಲಾಯಿತು. ಇವರು ಭಾರತದವರೇ, ಪಾಕಿಸ್ತಾನದವರೇ ಎಂಬ ಚರ್ಚೆಯೂ ಆಗ ಎದ್ದಿತು. ಆಡುವ ಕಾಲಕ್ಕೆ ದೇಶ ಒಂದೇ ಆಗಿತ್ತು, ಕುಳಿತದ್ದು ಇಂಗ್ಲೆಂಡಿನ ಪರವಾಗಿ. ಅದೇ ವರ್ಷದ ಡಿಸೆಂಬರಿನಲ್ಲಿ ಚೆನ್ನೈನ ಹದಿನೆಂಟರ ಹರೆಯದ ಗುಕೇಶ್ ಅವರು ಸಿಂಗಪುರದಲ್ಲಿ ಚೀನಾದ ಡಿಂಗ್ ಲಿರೆನ್ ಅವರನ್ನು ಸೋಲಿಸಿ ವಿಶ್ವ ಚಾಂಪಿಯನ್ ಆದರು.

ಹೇಸ್ಟಿಂಗ್ಸ್‌ನ ಆ ಆಟದ 65 ನಡೆಗಳೂ ಚದುರಂಗದ ಪುಸ್ತಕಗಳಲ್ಲಿ ದಾಖಲಾಗಿವೆ, ಗಣಕಯಂತ್ರದಲ್ಲಿಯೂ ಸಿಗುತ್ತವೆ. ಮನೆಯ ಮಕ್ಕಳು ಪಟದ ಮೇಲೆ ಕಾಯಿ ಜೋಡಿಸಿ ಒಂದೊಂದೇ ನಡೆಯನ್ನು ಇಟ್ಟು ನೋಡಬಹುದು. ಬಿಳಿಯ ಕಾಯಿಗಳು ಸುಲ್ತಾನ್ ಖಾನರವು.