ಕಾಳ್ಗಿಚ್ಚಿನ ತರುವಾಯ: ಸುಟ್ಟು ನಿಂತ ಮರಗಳ ವಿಚಾರ

ಖಾಂಡವವನ ದಹನವನ್ನು ನಮ್ಮ ಪ್ರಾಚೀನ ಕವಿಗಳು ವಿಸ್ತಾರವಾಗಿ ವರ್ಣಿಸಿದ್ದಾರೆ. ಬೆಂಕಿ ಆರಿದ ಮೇಲೆ ಸುಟ್ಟು ನಿಂತ ಮರಗಳನ್ನು ಏನು ಮಾಡಬೇಕೆಂಬುದು ಕಾವ್ಯದ ವಿಷಯವಲ್ಲ. ಅದು ಅರಣ್ಯಶಾಸ್ತ್ರಕ್ಕೆ ಸೇರಿದ ಪ್ರಶ್ನೆ. ಅದೆಷ್ಟು ಜಟಿಲವೆಂಬುದಕ್ಕೆ ಅಮೆರಿಕಾ ಸಂಯುಕ್ತ ಸಂಸ್ಥಾನದ ಪಶ್ಚಿಮ ಕರಾವಳಿಯಲ್ಲಿರುವ ಓರೆಗನ್ ರಾಜ್ಯದ ಟಿಲ್ಲಮೂಕ್ ಅರಣ್ಯದ ಚರಿತ್ರೆ ಒಳ್ಳೆಯ ನಿದರ್ಶನ.

1933ರ ಆಗಸ್ಟ್ 14ರಂದು ಮರ ಕಡಿಯುತ್ತಿದ್ದ ತಾಣವೊಂದರಲ್ಲಿ ಆ ಬೆಂಕಿ ಹುಟ್ಟಿತು. ಮೊದಲ ಹತ್ತು ದಿನಗಳಲ್ಲಿ ಸುಮಾರು 40,000 ಎಕರೆ ಸುಟ್ಟಿತು. ಬಳಿಕ ಪೂರ್ವದ ಒಣಗಾಳಿ ಬೀಸಲು, ಒಂದು ದಿನ ತುಂಬುವುದರೊಳಗೆ ಇನ್ನೂ ಸುಮಾರು 2,00,000 ಎಕರೆ ಭಸ್ಮವಾಯಿತು. ಭಸ್ಮವಾಯಿತೆಂಬ ಮಾತು ಪೂರ್ಣ ಸತ್ಯವಲ್ಲ. ಸೂಜಿಯಂತಹ ಎಲೆಗಳುಳ್ಳ ಡಗ್ಲಾಸ್ ಫರ್ ಎಂಬ ಆ ಮಹಾವೃಕ್ಷಗಳ ಎಲೆ, ರೆಂಬೆ, ತೊಗಟೆಗಳು ಕರಿಕಾದರೂ ಒಳಗಿನ ಮರ ಬಹುಮಟ್ಟಿಗೆ ಕೆಡದೆ ನಿಂತಿತ್ತು.

ಆದರೆ ಸತ್ತ ಮರದ ಬೆಲೆ ಬಹುಕಾಲ ನಿಲ್ಲದು. ಮೊದಲು ತೊಗಟೆ ಕೊರೆಯುವ ದುಂಬಿಗಳು ಬರುತ್ತವೆ. ಅವುಗಳ ಬೆನ್ನಲ್ಲೇ ಶಿಲೀಂಧ್ರಗಳು ಹೊಕ್ಕು ಹೊರಪದರದ ಬಿಳಿಮರವನ್ನು ಬಣ್ಣಗೆಡಿಸಿ ಮೆತ್ತಗಾಗಿಸುತ್ತವೆ. ಬಿಸಿಲಿಗೆ ದಿಮ್ಮಿ ಬಿರಿಯುತ್ತದೆ. ಸಣ್ಣ ಮರ ಬೇಗನೆ ನಿಷ್ಪ್ರಯೋಜಕವಾಗುತ್ತದೆ; ದಪ್ಪ ಕೆಚ್ಚುಳ್ಳ ಹಳೆಯ ಮರವಾದರೋ ಹಲವು ವರ್ಷ ಗರಗಸಕ್ಕೆ ಒದಗುತ್ತದೆ. ಆದುದರಿಂದಲೇ ಟಿಲ್ಲಮೂಕಿನಲ್ಲಿ ಸುಟ್ಟ ದಿಮ್ಮಿಗಳ ಸಾಗಣೆ ವರ್ಷಾನುಗಟ್ಟಲೆ ನಡೆಯಿತು. ಎರಡನೆಯ ಮಹಾಯುದ್ಧದ ಕಾಲದಲ್ಲಂತೂ ಅವುಗಳಿಗೆ ವಿಶೇಷ ಬೇಡಿಕೆಯಿತ್ತು.

ಅಷ್ಟಾದರೂ ನಿಂತೇ ಉಳಿದ ಒಣಮರಗಳು ಅಸಂಖ್ಯಾತ. 1939, 1945, 1951, ಹೀಗೆ ಆರಾರು ವರ್ಷಗಳಿಗೊಮ್ಮೆ ಅದೇ ನೆಲ ಮತ್ತೆ ಉರಿಯಿತು. ಎತ್ತರದ ಒಣಮರ ಹೊತ್ತಿಕೊಂಡರೆ ಗಾಳಿ ಅದರ ಕಿಡಿಗಳನ್ನು ಬಹುದೂರ ಒಯ್ಯುತ್ತದೆ. ನಿಜವಾದ ಕೇಡು ಇದಕ್ಕಿಂತ ಆಳವಾದುದು. ಮೊದಲ ಬೆಂಕಿಯಲ್ಲಿ ಅಲ್ಲಲ್ಲಿ ಉಳಿದ ಮರಗಳ ಬೀಜದಿಂದ ಸಸಿಗಳು ಏಳುತ್ತವೆ; ಅವು ತಾವೇ ಬೀಜ ಬಿಡುವಷ್ಟು ಬೆಳೆಯುವ ಮೊದಲೇ ಮತ್ತೊಮ್ಮೆ ಸುಟ್ಟರೆ ಕಾಡಿಗೆ ಸಂತಾನವೇ ಇಲ್ಲವಾಗುತ್ತದೆ. 1948ರಲ್ಲಿ ರಾಜ್ಯದ ಮತದಾರರು ಸಾಲ ಎತ್ತಲು ಸಮ್ಮತಿಸಿದ ಮೇಲೆ, 1949ರಿಂದ 1973ರವರೆಗೆ ಸುಮಾರು 7 ಕೋಟಿ 20 ಲಕ್ಷ ಸಸಿಗಳನ್ನು ಕೈಯಿಂದ ನೆಡಲಾಯಿತು. ಬೆಂಕಿಯ ದಾರಿ ತಡೆಯಲು ಒಣಮರಗಳನ್ನು ಪಟ್ಟಿಪಟ್ಟಿಯಾಗಿ ಉರುಳಿಸಿದರು. ಹೆಲಿಕಾಪ್ಟರಿನಿಂದ ಬೀಜ ಬಿತ್ತಿದರು. ಸಸಿ ನೆಟ್ಟವರಲ್ಲಿ ಶಾಲಾಮಕ್ಕಳೂ ಇದ್ದರೆಂಬುದು ಈ ಸಂಚಿಕೆಯ ಕಿರಿಯ ಓದುಗರು ಗಮನಿಸತಕ್ಕದ್ದು.

ಹಾಗಾದರೆ ಸುಟ್ಟ ಮರವನ್ನೆಲ್ಲ ತೆಗೆದುಬಿಡುವುದೇ ಲೇಸೆ? ಅದೇ ರಾಜ್ಯದ ದಕ್ಷಿಣ ಭಾಗದಲ್ಲಿ 2002ರಲ್ಲಿ ಬಿಸ್ಕಿಟ್ ಎಂಬ ಹೆಸರಿನ ಬೆಂಕಿ ಸುಮಾರು 5 ಲಕ್ಷ ಎಕರೆಯನ್ನು ವ್ಯಾಪಿಸಿತು. ಅಲ್ಲಿ ನಡೆದು 2006ರಲ್ಲಿ ಪ್ರಕಟವಾದ ಅಧ್ಯಯನವೊಂದು ಬೇರೆಯೇ ಸಂಗತಿ ತಿಳಿಸಿತು: ತಾನಾಗಿ ಎದ್ದಿದ್ದ ಸಸಿಗಳಲ್ಲಿ ಶೇಕಡಾ 71ರಷ್ಟು, ಮರ ಕಡಿದು ಎಳೆದೊಯ್ದ ಕಡೆ ನಾಶವಾಗಿದ್ದವು, ಕಡಿದಾಗ ಬಿದ್ದ ರೆಂಬೆಕೊಂಬೆಗಳು ನೆಲದ ಮೇಲೆ ಹೊಸ ಸೌದೆಯಾಗಿದ್ದವು. ಇದರಿಂದ ವಿವಾದ ದೊಡ್ಡದಾಗಿಯೇ ಎದ್ದಿತು. ಎರಡು ನಿದರ್ಶನಗಳು ಪರಸ್ಪರ ವಿರುದ್ಧವೆಂದು ತೋರಿದರೂ ಹಾಗಲ್ಲ. ಎಂದು, ಎಷ್ಟು, ಯಾವ ಇಳಿಜಾರಿನಿಂದ ತೆಗೆದರು, ಉಳಿದ ಕಸವನ್ನು ಏನು ಮಾಡಿದರು ಎಂಬುದರ ಮೇಲೆ ಫಲ ನಿಂತಿದೆ. ಬೂದಿ ಮುಚ್ಚಿದ ಕಡಿದಾದ ನೆಲದಲ್ಲಿ ದಿಮ್ಮಿ ಎಳೆದರೆ ಮಣ್ಣು ಹೊಳೆಗೆ ಇಳಿಯುತ್ತದೆ. ಪೊಳ್ಳಾದ ಮರದಲ್ಲಿ ಮರಕುಟಿಗ ಗೂಡು ಮಾಡುತ್ತದೆ; ಬಿದ್ದ ಮರ ನಿಧಾನವಾಗಿ ನೆಲಕ್ಕೆ ಗೊಬ್ಬರವಾಗುತ್ತದೆ.

ಟಿಲ್ಲಮೂಕಿನಲ್ಲಿ ಬಹುಮಟ್ಟಿಗೆ ಒಂದೇ ಜಾತಿಯ ಮರವನ್ನು ನೆಟ್ಟುದರ ಪರಿಣಾಮವೂ ತರುವಾಯ ಕಂಡಿತು. 1990ರ ದಶಕದಿಂದೀಚೆಗೆ ಓರೆಗನ್ ಕರಾವಳಿಯ ಡಗ್ಲಾಸ್ ಫರ್ ತೋಪುಗಳಲ್ಲಿ ಸೂಜಿ ಎಲೆಗಳನ್ನು ಉದುರಿಸುವ ಶಿಲೀಂಧ್ರರೋಗ ಹಬ್ಬಿ, ಮರಗಳ ಬೆಳವಣಿಗೆ ಕುಂಠಿತವಾಗಿದೆ.