ಗ್ರಾಂಟ್ ಮತ್ತು ಷರ್ಮನ್: ಇಬ್ಬರು ದಂಡನಾಯಕರ ಸಹಯೋಗ

ಯುದ್ಧವನ್ನು ಕುರಿತು ಬರೆಯುವವರು ಬಹುಮಟ್ಟಿಗೆ ಒಬ್ಬ ವೀರನನ್ನು ಆರಿಸಿಕೊಂಡು ಅವನ ಸುತ್ತ ಕಥೆಯನ್ನು ಹೆಣೆಯುತ್ತಾರೆ. ಆದರೆ ನೂರಾರು ಹರದಾರಿಗಳ ಉದ್ದಕ್ಕೆ ಹಬ್ಬಿದ ರಣರಂಗದಲ್ಲಿ ಒಬ್ಬನ ಕಣ್ಣು, ಒಬ್ಬನ ಕೈ ಸಾಲುವುದಿಲ್ಲ. ಅಲ್ಲಿ ಸೋಲುಗೆಲುವುಗಳು ಅನೇಕ ವೇಳೆ ಇಬ್ಬರು ದಂಡನಾಯಕರ ನಡುವಣ ಸಂಬಂಧವನ್ನು ಅವಲಂಬಿಸಿರುತ್ತವೆ. ನಮ್ಮ ಭಾರತಕಥೆಯನ್ನೇ ನೆನೆಯಬಹುದು. ಕೌರವರ ಪಾಳೆಯದಲ್ಲಿ ಶೂರರಿಗೆ ಕೊರತೆಯಿರಲಿಲ್ಲ. ಆದರೆ ಭೀಷ್ಮನಿಗೆ ಸೇನಾಧಿಪತ್ಯ ಸಂದಾಗ ಕರ್ಣನಾಡಿದ ಕಟುನುಡಿ, ಆ ಮುದುಕನು ಬೀಳುವವರೆಗೆ ತಾನು ಆಯುಧ ಹಿಡಿಯೆನೆಂಬ ಹಟ, ಕೊನೆಗೆ ಕರ್ಣನ ರಥದ ಮೇಲೆಯೇ ಕುಳಿತು ಅವನನ್ನು ಎದೆಗುಂದಿಸಿದ ಶಲ್ಯನ ಮಾತುಗಳು, ಇವನ್ನು ಓದಿದವರಿಗೆ ಹನ್ನೊಂದು ಅಕ್ಷೋಹಿಣಿಗಳು ಹೇಗೆ ಕರಗಿದವೆಂದು ಬೇರೆ ವಿವರಿಸಬೇಕಾಗಿಲ್ಲ. ಇದಕ್ಕೆ ತೀರ ವಿರುದ್ಧವಾದ ಒಂದು ನಿದರ್ಶನ ಅಮೆರಿಕದ ಅಂತರ್ಯುದ್ಧದಲ್ಲಿ (೧೮೬೧–೬೫) ದೊರೆಯುತ್ತದೆ. ಯುಲಿಸಿಸ್ ಗ್ರಾಂಟ್ ಮತ್ತು ವಿಲಿಯಂ ಷರ್ಮನ್ ಎಂಬ ಇಬ್ಬರು ಸೇನಾನಿಗಳ ಸಹಯೋಗವೇ ಅದು.

ಆ ಯುದ್ಧದ ಮೂಲವನ್ನು ಇಲ್ಲಿ ವಿಸ್ತರಿಸುವ ಉದ್ದೇಶವಿಲ್ಲ. ಆ ದೇಶದಲ್ಲಿ ಆಗ ಸುಮಾರು ೪೦ ಲಕ್ಷ ಮಂದಿ ಗುಲಾಮರಿದ್ದರು. ಆ ಗುಲಾಮಗಿರಿಯನ್ನು ಉಳಿಸಿಕೊಳ್ಳಲೆಂದೇ ದಕ್ಷಿಣದ ೧೧ ಸಂಸ್ಥಾನಗಳು ಒಕ್ಕೂಟದಿಂದ ಸಿಡಿದು ಹೋದವು. ನಾಲ್ಕು ವರ್ಷಗಳಲ್ಲಿ ೬ ಲಕ್ಷಕ್ಕೂ ಮಿಗಿಲಾದ ಸೈನಿಕರು ಮಡಿದರು. ಜನಬಲ, ಧನಬಲ, ರೈಲುಮಾರ್ಗ, ನೌಕೆ ಎಲ್ಲವೂ ಉತ್ತರದವರಲ್ಲಿ ಹೆಚ್ಚಾಗಿದ್ದರೂ ಮೊದಲ ಮೂರು ವರ್ಷ ಯುದ್ಧವು ಮುಗಿಯುವ ಲಕ್ಷಣ ಕಾಣಲಿಲ್ಲ. ಎತ್ತು ಏರಿಗೆ, ಕೋಣ ನೀರಿಗೆ ಎಂಬಂತೆ ಅವರ ಸೇನೆಗಳು ಒಂದೊಂದು ದಿಕ್ಕಿಗೆ ಒಂದೊಂದು ಕಾಲದಲ್ಲಿ ಎಳೆಯುತ್ತಿದ್ದವು. ದಕ್ಷಿಣದವರಿಗೆ ಇದರಿಂದಾದ ಲಾಭ ಸಣ್ಣದಲ್ಲ. ವರ್ಜೀನಿಯದಲ್ಲಿ ಬಿಡುವು ದೊರೆತಾಗ ಅಲ್ಲಿನ ಪಡೆಯನ್ನು ರೈಲಿನಲ್ಲಿ ತುಂಬಿ ಪಶ್ಚಿಮಕ್ಕೆ ಕಳಿಸಬಹುದಾಗಿತ್ತು. ೧೮೬೩ರ ಸೆಪ್ಟೆಂಬರಿನಲ್ಲಿ ಲಾಂಗ್‌ಸ್ಟ್ರೀಟನ ದಳಗಳು ಹೀಗೆಯೇ ಹೋಗಿ ಚಿಕಮಾಗದಲ್ಲಿ ಉತ್ತರದ ಸೇನೆಯನ್ನು ಮುರಿದುವು.

ಗ್ರಾಂಟ್, ಷರ್ಮನ್ ಇಬ್ಬರೂ ಒಹಾಯೋ ಸೀಮೆಯವರು. ಇಬ್ಬರೂ ವೆಸ್ಟ್ ಪಾಯಿಂಟಿನ ಸೈನಿಕ ವಿದ್ಯಾಶಾಲೆಯಲ್ಲಿ ಕಲಿತವರು. ೧೮೨೦ರಲ್ಲಿ ಹುಟ್ಟಿದ ಷರ್ಮನ್ ಎರಡು ವರ್ಷ ಹಿರಿಯ. ಯುದ್ಧಕ್ಕೆ ಮೊದಲು ಇಬ್ಬರೂ ಜೀವನದಲ್ಲಿ ಸೋತವರು ಎಂಬುದನ್ನು ಮರೆಯಬಾರದು. ಗ್ರಾಂಟನು ೧೮೫೪ರಲ್ಲಿ ಕುಡಿತದ ಅಪವಾದದ ನೆರಳಿನಲ್ಲಿ ಸೈನ್ಯವನ್ನು ಬಿಟ್ಟು, ಬೇಸಾಯ ಮಾಡಿ ಕೈಸುಟ್ಟುಕೊಂಡು, ೧೮೬೦ರಲ್ಲಿ ತಂದೆಯ ಚರ್ಮದ ಅಂಗಡಿಯಲ್ಲಿ ಗುಮಾಸ್ತೆಯಾದ. ಷರ್ಮನ್ ಸಾನ್ ಫ್ರಾನ್ಸಿಸ್ಕೋದಲ್ಲಿ ನಡೆಸುತ್ತಿದ್ದ ಬ್ಯಾಂಕು ೧೮೫೭ರಲ್ಲಿ ಮುಚ್ಚಿತು. ಯುದ್ಧವು ಹತ್ತಿರವಾದಾಗ ಅವನು ಲೂಸಿಯಾನದ ಒಂದು ಸೈನಿಕ ವಿದ್ಯಾಲಯದ ಮುಖ್ಯಸ್ಥನಾಗಿದ್ದನು. ಸ್ವಭಾವದಲ್ಲಿ ಮಾತ್ರ ಇಬ್ಬರೂ ಅಜಗಜಾಂತರ. ಗ್ರಾಂಟ್ ಮಿತಭಾಷಿ, ಕೆಲವರಿಗೆ ಮಂದಬುದ್ಧಿಯವನಂತೆ ಕಾಣುವಷ್ಟು ಶಾಂತ. ಷರ್ಮನ್ ಮಾತುಗಾರ, ತೀಕ್ಷ್ಣಮತಿ, ಕಲ್ಪನಾಶಾಲಿ. ಆ ಕಲ್ಪನೆಯೇ ಅವನಿಗೆ ಶತ್ರುವೂ ಆಗಿತ್ತು. ೧೮೬೧ರ ಶರತ್ಕಾಲದಲ್ಲಿ ಕೆಂಟಕಿಯ ಅಧಿಪತ್ಯದಲ್ಲಿದ್ದಾಗ, ಈ ಸೀಮೆಯಲ್ಲಿ ಕೊನೆಯವರೆಗೆ ಹೋರಾಡಲು ೨ ಲಕ್ಷ ಸೈನಿಕರು ಬೇಕಾದಾರೆಂದು ಹೇಳಿ, ತಾನೇ ಕಂಡ ಅಪಾಯಗಳಿಂದ ಕಂಗೆಟ್ಟು, ಅಧಿಕಾರವನ್ನು ಬಿಟ್ಟುಕೊಡಬೇಕಾಯಿತು. ಪತ್ರಿಕೆಗಳು ಅವನಿಗೆ ಹುಚ್ಚು ಹಿಡಿದಿದೆಯೆಂದು ಅಚ್ಚುಮಾಡಿದವು.

ಇವರ ಸ್ನೇಹಕ್ಕೆ ಬೀಜ ಬಿದ್ದದ್ದು ೧೮೬೨ರ ಫೆಬ್ರವರಿಯಲ್ಲಿ. ಗ್ರಾಂಟನು ಡಾನೆಲ್ಸನ್ ಕೋಟೆಯನ್ನು ಮುತ್ತಿದ್ದಾಗ ಪಡುಕಾದಲ್ಲಿ ನಿಂತು ಅವನಿಗೆ ಜನವನ್ನೂ ಸಾಮಗ್ರಿಯನ್ನೂ ಕಳಿಸಿಕೊಡುತ್ತಿದ್ದವನು ಷರ್ಮನ್. ಆಗ ಪದವಿಯ ಪಟ್ಟಿಯಲ್ಲಿ ಷರ್ಮನನೇ ಮೇಲಿದ್ದನು. ಆದರೂ ಬೇಕಾದರೆ ತನ್ನ ಹಿರಿತನವನ್ನು ಬದಿಗಿಟ್ಟು ಗ್ರಾಂಟನ ಕೈಕೆಳಗೆ ಬಂದು ದುಡಿಯುವೆನೆಂದು ಬರೆದನು. ಸೈನ್ಯದ ಒಳಹೊರಗನ್ನು ಬಲ್ಲವರಿಗೆ ಈ ಮಾತಿನ ತೂಕ ಗೊತ್ತು.

ಎರಡು ತಿಂಗಳೊಳಗೆ, ಏಪ್ರಿಲ್ ೬ ಮತ್ತು ೭ರಂದು, ಷೈಲೋ ಕದನ ನಡೆಯಿತು. ಇಬ್ಬರೂ ಅಲ್ಲಿ ಅಜಾಗರೂಕರಾಗಿದ್ದರೆಂಬುದನ್ನು ಅಲ್ಲಗಳೆಯಲಾಗದು. ಪಾಳೆಯದ ಮುಂದೆ ಕಂದಕಗಳಿರಲಿಲ್ಲ. ವೈರಿಗಳು ಸಮೀಪಿಸಿದರೆಂಬ ಸುದ್ದಿಯನ್ನು ಷರ್ಮನ್ ತಳ್ಳಿಹಾಕಿದ್ದನು. ಮೊದಲ ದಿನ ಸೇನೆಯು ನದಿಯ ದಡದವರೆಗೆ ಹಿಂದೂಡಲ್ಪಟ್ಟಿತು. ಷರ್ಮನ್ ಗಾಯಗೊಂಡನು, ಅವನ ಕೆಳಗೆ ಮೂರು ಕುದುರೆಗಳು ಸತ್ತವು. ಆ ರಾತ್ರಿ ಸುರಿಮಳೆಯಲ್ಲಿ, ಹಿಮ್ಮೆಟ್ಟುವ ಮಾತನ್ನೆತ್ತಲೆಂದು ಷರ್ಮನ್ ಗ್ರಾಂಟನನ್ನು ಹುಡುಕಿಕೊಂಡು ಹೋದನಂತೆ. ಮರದಡಿಯಲ್ಲಿ ನಿಂತಿದ್ದ ಗ್ರಾಂಟನ ಮುಖವನ್ನು ಕಂಡಮೇಲೆ ಆ ಮಾತು ಬಾಯಿಗೆ ಬರಲಿಲ್ಲ. ಈ ದಿನ ಬಲು ಕೆಟ್ಟದ್ದಾಗಿ ಹೋಯಿತೆಂದಷ್ಟೇ ಅಂದನು. ಹೌದು, ನಾಳೆ ಅವರನ್ನು ಹೊಡೆಯೋಣವೆಂಬ ಅರ್ಥದ ಚುಟುಕು ಉತ್ತರ ಬಂತು. ಮರುದಿನ ಹಾಗೆಯೇ ಆಯಿತು. ಆದರೆ ಎರಡೂ ಕಡೆ ಸೇರಿ ೨೩,೦೦೦ಕ್ಕೂ ಹೆಚ್ಚು ಮಂದಿ ಸತ್ತರು, ಗಾಯಗೊಂಡರು, ಕಾಣೆಯಾದರು.

ಪತ್ರಿಕೆಗಳ ಕೋಪವೆಲ್ಲ ಗ್ರಾಂಟನ ಮೇಲೆ ತಿರುಗಿತು. ಮೇಲಧಿಕಾರಿ ಹ್ಯಾಲೆಕನು ತಾನೇ ಬಂದು ಸೇನೆಯ ಆಡಳಿತ ವಹಿಸಿಕೊಂಡು, ಗ್ರಾಂಟನಿಗೆ ಎರಡನೆಯ ಸ್ಥಾನವೆಂಬ ಬರಿಯ ಹೆಸರನ್ನು ಕೊಟ್ಟು ಮೂಲೆಗೆ ಕೂರಿಸಿದನು. ಕಾರಿಂತ್ ಪಟ್ಟಣ ವಶವಾದಮೇಲೆ ಗ್ರಾಂಟ್ ರಜೆಯ ಮೇಲೆ ಹೊರಟುಹೋಗುವ ಸಿದ್ಧತೆಯಲ್ಲಿದ್ದಾನೆಂದು ಷರ್ಮನನಿಗೆ ತಿಳಿಯಿತು. ಕುದುರೆಯೇರಿ ಬಂದು ನೋಡಿದರೆ ಪೆಟ್ಟಿಗೆಗಳನ್ನು ಕಟ್ಟಿಟ್ಟಾಗಿತ್ತು. ಷರ್ಮನ್ ತನ್ನ ಕಥೆಯನ್ನೇ ಮುಂದಿಟ್ಟನು. ತನ್ನನ್ನು ಹುಚ್ಚನೆಂದರು; ಒಂದು ಕದನದಿಂದ ಆ ಮಾತು ಅಳಿಸಿಹೋಯಿತು. ನೀನು ಹೋದರೆ ಯುದ್ಧ ನಿನ್ನನ್ನು ಬಿಟ್ಟು ಮುಂದೆ ಸಾಗುತ್ತದೆ. ಇದ್ದರೆ ಯಾವುದೋ ಒಂದು ಗಳಿಗೆ ನಿನ್ನನ್ನು ಮತ್ತೆ ನಿನ್ನ ಸ್ಥಾನಕ್ಕೆ ತರಬಹುದು. ಗ್ರಾಂಟ್ ಉಳಿದನು. ಜುಲೈನಲ್ಲಿ ಹ್ಯಾಲೆಕನನ್ನು ರಾಜಧಾನಿಗೆ ಕರೆಸಿಕೊಂಡಾಗ ಸೇನೆ ಅವನ ಕೈಗೆ ಮರಳಿ ಬಂತು. ಆ ಪೆಟ್ಟಿಗೆಗಳು ಅಂದು ಬಂಡಿಗೇರಿದ್ದರೆ ಮುಂದಿನ ಚರಿತ್ರೆ ಏನಾಗುತ್ತಿತ್ತೆಂದು ಊಹಿಸುವುದು ವ್ಯರ್ಥ. ಆದರೂ ಊಹಿಸದೆ ಇರಲಾಗದು.

ಸ್ನೇಹವಿದ್ದಲ್ಲಿ ಅಭಿಪ್ರಾಯಭೇದವಿರಬಾರದೆಂದು ಭಾವಿಸುವವರು ವಿಕ್ಸ್‌ಬರ್ಗ್ ದಂಡಯಾತ್ರೆಯನ್ನು ಗಮನಿಸಬೇಕು. ಮಿಸಿಸಿಪ್ಪಿ ನದಿಯ ಮೇಲಣ ಈ ಕೋಟೆಯನ್ನು ಉತ್ತರದಿಂದ ಮುರಿಯಲು ಮಾಡಿದ ಪ್ರಯತ್ನಗಳೆಲ್ಲ ವಿಫಲವಾಗಿದ್ದವು. ೧೮೬೨ರ ಡಿಸೆಂಬರಿನಲ್ಲಿ ಷರ್ಮನನೇ ಚಿಕಸಾ ಹಳ್ಳದ ಬಳಿ ಸೋತು ಬಂದಿದ್ದನು. ೧೮೬೩ರ ವಸಂತದಲ್ಲಿ ಗ್ರಾಂಟ್ ಒಂದು ಸಾಹಸದ ಯೋಚನೆ ಮಾಡಿದನು: ನೌಕೆಗಳು ರಾತ್ರಿಯಲ್ಲಿ ಕೋಟೆಯ ಫಿರಂಗಿಗಳ ಮುಂದೆಯೇ ಹಾದುಹೋಗಬೇಕು, ಸೇನೆ ಪಶ್ಚಿಮ ದಂಡೆಯಲ್ಲಿ ನಡೆದು ಕೆಳಗೆ ನದಿಯನ್ನು ದಾಟಿ ಹಿಂದಿನಿಂದ ಮೇಲೆ ಬೀಳಬೇಕು. ಷರ್ಮನನಿಗೆ ಇದು ಸರ್ವಥಾ ಒಪ್ಪಿಗೆಯಾಗಲಿಲ್ಲ. ಸರಬರಾಜಿನ ದಾರಿಯನ್ನು ಬಿಟ್ಟುಕೊಟ್ಟು ಶತ್ರುವಿನ ನೆಲದೊಳಕ್ಕೆ ಇಳಿಯುವುದು ಯುದ್ಧಶಾಸ್ತ್ರಕ್ಕೇ ವಿರುದ್ಧವೆಂದು ಅವನ ನಂಬಿಕೆ. ಏಪ್ರಿಲ್ ೮ರಂದು ತನ್ನ ಆಕ್ಷೇಪಗಳನ್ನು ಕಾಗದದಲ್ಲಿ ಬರೆದು, ಮೆಂಫಿಸನ್ನು ನೆಲೆಯಾಗಿಟ್ಟುಕೊಂಡು ಮತ್ತೆ ಉತ್ತರದಿಂದಲೇ ಬರಬೇಕೆಂದು ಸೂಚಿಸಿ, ಗ್ರಾಂಟನ ಸಹಾಯಕನಾದ ರಾಲಿನ್ಸನಿಗೆ ಕಳಿಸಿದನು. ಗ್ರಾಂಟ್ ಅದನ್ನು ಓದಿದ, ಮಡಿಸಿಟ್ಟ, ಅದರ ಮಾತನ್ನೇ ಎತ್ತಲಿಲ್ಲ. ಷರ್ಮನ್ ಕೂಡ ಮತ್ತೆ ಎತ್ತಲಿಲ್ಲ. ಯೋಜನೆ ತನ್ನದೇ ಎಂಬಂತೆ ದುಡಿದನು.

ಇದರಲ್ಲಿ ಇನ್ನೂ ಒಂದು ಸೂಕ್ಷ್ಮವಿದೆ. ಗ್ರಾಂಟನ ಸೇನೆ ನದಿ ದಾಟುವಾಗ ಶತ್ರುವಿನ ಗಮನವನ್ನು ಬೇರೆಡೆಗೆ ಸೆಳೆಯಲು ಕೋಟೆಯ ಉತ್ತರಕ್ಕೆ ಒಂದು ಹುಸಿದಾಳಿ ಬೇಕಾಗಿತ್ತು. ಷರ್ಮನ್ ಮತ್ತೊಮ್ಮೆ ಸೋತನೆಂದು ಪತ್ರಿಕೆಗಳು ಬರೆದಾವೆಂಬ ಸಂಕೋಚದಿಂದ ಗ್ರಾಂಟ್ ಅದನ್ನು ಆಜ್ಞೆಯಾಗಿ ಹೇಳಲಾರದೆ ಸೂಚನೆಯಾಗಿ ಮಾತ್ರ ಬರೆದನು. ಷರ್ಮನ್ ಪತ್ರಿಕೆಗಳ ಚಿಂತೆ ತನಗಿಲ್ಲವೆಂದು ತಿಳಿಸಿ ಆ ಕೆಲಸವನ್ನು ಮಾಡಿ ಮುಗಿಸಿದನು. ಮೇ ತಿಂಗಳಲ್ಲಿ ಒಂದೇ ದಾರಿಯಲ್ಲಿ ಇಷ್ಟು ದೊಡ್ಡ ಸೇನೆಗೆ ಆಹಾರ ಬರಲಾರದೆಂದು ಅವನು ಎಚ್ಚರಿಸಿದಾಗ, ಗ್ರಾಂಟನು ತಾನು ಅದನ್ನು ನೆಚ್ಚಿಕೊಂಡಿಲ್ಲವೆಂದೂ ಒಣರೊಟ್ಟಿ, ಕಾಫಿ, ಉಪ್ಪು ಇಷ್ಟನ್ನು ತರಿಸಿ ಉಳಿದುದನ್ನು ಆ ನಾಡಿನಿಂದಲೇ ಪಡೆಯುವೆನೆಂದೂ ಉತ್ತರಿಸಿದನು. ಮುಂದೆ ಜಾರ್ಜಿಯದಲ್ಲಿ ಷರ್ಮನ್ ನಡೆಸಿದ ಪ್ರಖ್ಯಾತ ದಂಡಯಾತ್ರೆಯ ಪಾಠ ಅವನಿಗೆ ದೊರೆತದ್ದು, ನನ್ನ ಮತದಲ್ಲಿ, ಇಲ್ಲಿಯೇ. ಮೇ ೧೮ರಂದು ಕೋಟೆಯ ಉತ್ತರದ ಗುಡ್ಡಗಳ ಮೇಲೆ ಇಬ್ಬರೂ ನಿಂತಾಗ, ಈ ಕ್ಷಣದವರೆಗೂ ಈ ಯಾತ್ರೆ ಫಲಿಸೀತೆಂದು ತನಗೆ ನಂಬಿಕೆಯಿರಲಿಲ್ಲವೆಂದು ಷರ್ಮನ್ ಒಪ್ಪಿಕೊಂಡನು. ಜುಲೈ ೪ರಂದು ಕೋಟೆ ಶರಣಾಯಿತು. ನೋಡಲು ಬಂದ ಗಣ್ಯರಿಗೆಲ್ಲ, ಇದರ ಕೀರ್ತಿ ಗ್ರಾಂಟನೊಬ್ಬನದೆಂದೂ ತಾನು ಇದನ್ನು ವಿರೋಧಿಸಿ ಕಾಗದ ಬರೆದಿದ್ದೆನೆಂದೂ ಷರ್ಮನ್ ತಾನಾಗಿಯೇ ಸಾರುತ್ತಿದ್ದನು.

೧೮೬೪ರ ಮಾರ್ಚಿನಲ್ಲಿ ಗ್ರಾಂಟನು ಉತ್ತರದ ಎಲ್ಲ ಸೇನೆಗಳಿಗೂ ಅಧಿಪತಿಯಾದನು. ಪಶ್ಚಿಮದ ಅಧಿಕಾರ ಷರ್ಮನನಿಗೆ ಬಂತು. ಸಿನ್ಸಿನಾಟಿಯ ಒಂದು ಹೋಟೆಲಿನಲ್ಲಿ ಇಬ್ಬರೂ ಭೂಪಟಗಳನ್ನು ಹರಡಿಕೊಂಡು ಮಾಡಿದ ನಿರ್ಣಯ ಸರಳವಾದುದು. ಗ್ರಾಂಟ್ ವರ್ಜೀನಿಯದಲ್ಲಿ ಲೀಯ ಸೇನೆಯನ್ನು ಹಿಡಿಯಬೇಕು, ಷರ್ಮನ್ ಜಾರ್ಜಿಯದಲ್ಲಿ ಜಾನ್ಸ್ಟನನ ಸೇನೆಯನ್ನು ಹಿಡಿಯಬೇಕು; ಒಂದೇ ಹೊತ್ತಿಗೆ ಹೊರಡಬೇಕು; ಒಬ್ಬನಿಂದ ಇನ್ನೊಬ್ಬನಿಗೆ ನೆರವು ಹೋಗದಂತೆ ಬಿಡುವಿಲ್ಲದೆ ಅದುಮಬೇಕು. ಏಪ್ರಿಲ್ ೪ರ ಪತ್ರದಲ್ಲಿ ಗ್ರಾಂಟನು ಷರ್ಮನನಿಗೆ ಗುರಿಯನ್ನು ಹೇಳಿದನೇ ಹೊರತು ದಾರಿಯನ್ನು ಹೇಳಲಿಲ್ಲ. ದಾರಿಯನ್ನು ನೀನೇ ಕಂಡುಕೋ ಎಂಬುದು ಅದರ ಧಾಟಿ. ಈ ಇಬ್ಬರ ಸಹಯೋಗದ ಹುರುಳೆಲ್ಲ ನನಗೆ ಈ ಪತ್ರದಲ್ಲಿಯೇ ಕಾಣುತ್ತದೆ. ಸುಮಾರು ೧ ಲಕ್ಷ ಮಂದಿಯ ಸೇನೆ, ೪೭೦ ಮೈಲಿಗಳಷ್ಟು ಉದ್ದದ ಒಂಟಿ ರೈಲುಹಳಿಯ ಮೇಲೆ ಜೀವಿಸುತ್ತ, ತಿಂಗಳುಗಟ್ಟಲೆ ಮುಂದುವರಿಯಬೇಕಾದಾಗ, ದೂರದಲ್ಲಿ ಕುಳಿತವನು ಪ್ರತಿ ಹೆಜ್ಜೆಗೂ ಅಪ್ಪಣೆ ಕೊಡಹೊರಟರೆ ಗತಿಯೇನು? ದಕ್ಷಿಣದ ಅಧ್ಯಕ್ಷ ಡೇವಿಸನು ತನ್ನ ಸೇನಾನಿ ಜಾನ್ಸ್ಟನನನ್ನು ನಂಬಲಾರದೆ ಜುಲೈ ೧೭ರಂದು, ವೈರಿ ಅಟ್ಲಾಂಟದ ಬಾಗಿಲಿಗೆ ಬಂದಿರುವಾಗ, ಅವನನ್ನು ತೆಗೆದು ಹುಡ್ ಎಂಬವನನ್ನು ನೇಮಿಸಿದುದನ್ನು ಇದರೊಡನೆ ಹೋಲಿಸಿ ನೋಡಬಹುದು.

ಆ ಬೇಸಗೆಯಲ್ಲಿ ಗ್ರಾಂಟನು ವರ್ಜೀನಿಯದಲ್ಲಿ ಭಯಂಕರವಾದ ಬೆಲೆ ತೆತ್ತನು. ಆರೇಳು ವಾರಗಳಲ್ಲಿ ಅವನ ಕಡೆ ಸತ್ತವರು, ಗಾಯಗೊಂಡವರು, ಸೆರೆಸಿಕ್ಕವರು ಸುಮಾರು ೫೫,೦೦೦. ಪೀಟರ್ಸ್‌ಬರ್ಗಿನ ಮುಂದೆ ಅವನ ಸೇನೆ ನಿಂತುಹೋಯಿತು. ಲಿಂಕನ್ನನ ಮರುಚುನಾವಣೆಯೇ ಸಂದೇಹಕ್ಕೆ ಬಿದ್ದಿತು. ಆದರೆ ಲೀ ಅಲ್ಲಿ ಸಿಕ್ಕಿಬಿದ್ದಿದ್ದನು. ಪಶ್ಚಿಮಕ್ಕೆ ಮತ್ತೊಬ್ಬ ಲಾಂಗ್‌ಸ್ಟ್ರೀಟನನ್ನು ಕಳಿಸಲಾರದವನಾಗಿದ್ದನು. ಸೆಪ್ಟೆಂಬರ್ ೨ರಂದು ಅಟ್ಲಾಂಟ ಬಿತ್ತು. ನವೆಂಬರಿನಲ್ಲಿ ಲಿಂಕನ್ ಗೆದ್ದನು. ಅಟ್ಲಾಂಟದ ಕೀರ್ತಿ ಷರ್ಮನನದಾದರೂ ಅದರ ಬೆಲೆಯ ಒಂದು ಭಾಗವನ್ನು ತೆತ್ತದ್ದು ವರ್ಜೀನಿಯದ ಕಾಡುಗಳಲ್ಲಿ.

ಅಲ್ಲಿಂದ ಮುಂದೆ ಸಮುದ್ರದವರೆಗೆ ನಡೆದುಹೋಗುವ ಯೋಚನೆ ಷರ್ಮನನದು. ಮೊದಲು ಹುಡ್ಡನ ಸೇನೆಯನ್ನು ನಾಶಮಾಡಬೇಡವೇ ಎಂದು ಗ್ರಾಂಟ್ ಶಂಕಿಸಿದನು. ವಿಕ್ಸ್‌ಬರ್ಗಿನ ಪಾತ್ರಗಳು ಇಲ್ಲಿ ತಿರುವುಮುರುವಾದುವು. ತಂತಿಗಳು ಹೋಗಿಬಂದ ಮೇಲೆ ನವೆಂಬರ್ ೨ರಂದು ಗ್ರಾಂಟ್ ಒಪ್ಪಿದನು. ನವೆಂಬರ್ ೧೫ರಂದು ಸುಮಾರು ೬೨,೦೦೦ ಮಂದಿಯೊಡನೆ ಹೊರಟ ಷರ್ಮನ್ ಡಿಸೆಂಬರ್ ೨೧ರಂದು ಸವಾನಾ ನಗರವನ್ನು ಹಿಡಿದನು. ಆ ನಡಿಗೆಯ ಬಹುಭಾಗ ಅವನಿಂದ ತಂತಿಯಿಲ್ಲ, ಕಾಗದವಿಲ್ಲ. ಉತ್ತರದವರು ವೈರಿಗಳ ಪತ್ರಿಕೆಗಳನ್ನು ಓದಿ ಅವನ ಇರವನ್ನು ಊಹಿಸಬೇಕಾಯಿತು. ಜಾರ್ಜಿಯಕ್ಕೆ ೧೦ ಕೋಟಿ ಡಾಲರುಗಳ ನಷ್ಟವಾಯಿತೆಂದೂ ಅದರಲ್ಲಿ ತನ್ನ ಸೇನೆಯ ಉಪಯೋಗಕ್ಕೆ ಬಂದದ್ದು ೨ ಕೋಟಿ ಮಾತ್ರವೆಂದೂ ಉಳಿದುದು ಬರಿಯ ಹಾಳೆಂದೂ ಅವನೇ ಲೆಕ್ಕ ಕೊಟ್ಟಿದ್ದಾನೆ. ಗುಲಾಮರಿಗೆ ಈ ಸೇನೆ ಬಿಡುಗಡೆಯನ್ನು ತಂದಿತು. ಹೊಲಗದ್ದೆಗಳ ಒಕ್ಕಲು ಹೆಂಗಸರಿಗೂ ಮಕ್ಕಳಿಗೂ ಹಸಿವನ್ನು ತಂದಿತು. ಎರಡೂ ನಿಜ.

ಈ ಸ್ನೇಹಕ್ಕೆ ಒಂದು ಕಪ್ಪು ಮಗ್ಗುಲಿದೆ. ಅದನ್ನು ಮರೆಮಾಚುವುದು ಚರಿತ್ರೆಕಾರನಿಗೆ ತಕ್ಕುದಲ್ಲ. ವರ್ಜೀನಿಯದವನಾಗಿಯೂ ಒಕ್ಕೂಟಕ್ಕೆ ನಿಷ್ಠನಾಗಿ ಉಳಿದ ಜಾರ್ಜ್ ಥಾಮಸನು ಇವರಿಬ್ಬರಿಗೂ ಸಮನಾದ ಸೇನಾನಿ. ೧೮೬೩ರ ನವೆಂಬರ್ ೨೫ರಂದು ಚಟನೂಗದಲ್ಲಿ ಷರ್ಮನನ ದಾಳಿ ತಡೆದುನಿಂತಿತು. ಗುಡ್ಡದ ಸಾಲನ್ನು ಏರಿ ಗೆದ್ದವರು ಥಾಮಸನ ಸೈನಿಕರು. ಆದರೂ ಗ್ರಾಂಟನ ಬರವಣಿಗೆಯಲ್ಲಿ ಷರ್ಮನನ ವೈಫಲ್ಯ ಮೃದುವಾಗಿ ಮರೆಯಾಗುತ್ತದೆ. ಷರ್ಮನ್ ಸಮುದ್ರದ ಕಡೆಗೆ ಹೊರಟಾಗ ಹುಡ್ಡನನ್ನು ಎದುರಿಸಲು ಹಿಂದೆ ಉಳಿದವನೂ ಥಾಮಸನೇ. ಮಂಜುಗಡ್ಡೆಯ ಮಳೆಯಿಂದ ನೆಲ ಜಾರುತ್ತಿದ್ದಾಗ ಅವನು ಕೆಲವು ದಿನ ಕಾದುದಕ್ಕೆ ಗ್ರಾಂಟ್ ಸಹನೆಗೆಟ್ಟು, ಅವನ ಬದಲಿಗೆ ಬೇರೊಬ್ಬನನ್ನು ಕಳಿಸಿ, ಕೊನೆಗೆ ತಾನೇ ಹೊರಟನು. ಅಷ್ಟರಲ್ಲಿ ಥಾಮಸನು ಡಿಸೆಂಬರ್ ೧೫, ೧೬ರಂದು ನ್ಯಾಷ್‌ವಿಲ್ಲಿನಲ್ಲಿ ಹುಡ್ಡನ ಸೇನೆಯನ್ನು ನುಚ್ಚುನೂರು ಮಾಡಿದ್ದನು. ಷರ್ಮನನಿಗೆ ದೊರೆತ ನಂಬಿಕೆಯ ಕಾಲುಭಾಗವೂ ಅವನಿಗೆ ದೊರೆಯಲಿಲ್ಲ.

೧೮೬೫ರ ಆದಿಯಲ್ಲಿ ಷರ್ಮನನನ್ನೂ ಗ್ರಾಂಟನ ಸಮಾನ ಪದವಿಗೆ ಏರಿಸಬೇಕೆಂಬ ಪ್ರಸ್ತಾಪ ಕಾಂಗ್ರೆಸ್ ಸಭೆಯಲ್ಲಿ ಹುಟ್ಟಿತು. ತಮ್ಮಿಬ್ಬರಲ್ಲಿ ಸ್ಪರ್ಧೆ ಹುಟ್ಟಿಸುವ ಪದವಿ ತನಗೆ ಬೇಡವೆಂದು ಷರ್ಮನ್ ಬರೆದನು. ನೀನು ಮೇಲಾಗಿ ನಾನು ನಿನ್ನ ಕೈಕೆಳಗೆ ಬಂದರೂ ನಮ್ಮ ಸಂಬಂಧ ಬದಲಾಗದೆಂದು ಗ್ರಾಂಟ್ ಉತ್ತರವಿತ್ತನು. ಅದರ ಪರೀಕ್ಷೆ ಬೇಗನೆ ಬಂತು. ಏಪ್ರಿಲ್ ೯ರಂದು ಲೀ ಶರಣಾದನು. ೧೪ರ ರಾತ್ರಿ ಲಿಂಕನ್ನನಿಗೆ ಗುಂಡೇಟು ಬಿದ್ದು ಮರುದಿನ ಅವನು ತೀರಿಕೊಂಡನು. ೧೮ರಂದು ಷರ್ಮನ್ ಜಾನ್ಸ್ಟನನೊಡನೆ ಮಾಡಿಕೊಂಡ ಒಪ್ಪಂದವು ಸೈನಿಕನ ಅಧಿಕಾರವನ್ನು ಮೀರಿ ರಾಜಕೀಯಕ್ಕೂ ಕೈಚಾಚಿತ್ತು. ಮಂತ್ರಿಮಂಡಲ ಅದನ್ನು ತಳ್ಳಿಹಾಕಿತು. ಯುದ್ಧಮಂತ್ರಿ ಸ್ಟಾಂಟನನು ಪತ್ರಿಕೆಗಳಲ್ಲಿ ಷರ್ಮನನ ನಿಷ್ಠೆಯನ್ನೇ ಸಂಶಯಕ್ಕೆ ಗುರಿಮಾಡಿದನು. ಆಡಳಿತವನ್ನು ವಹಿಸಿಕೊಳ್ಳಲು ಕಳಿಸಲ್ಪಟ್ಟ ಗ್ರಾಂಟನು ೨೪ರಂದು ರಾಲಿ ನಗರಕ್ಕೆ ಬಂದು, ಅಧಿಕಾರ ಚಲಾಯಿಸದೆ, ಶತ್ರುವಿನ ಭೇಟಿಗೂ ಹೋಗದೆ ಪಾಳೆಯದಲ್ಲೇ ಉಳಿದನು. ೨೬ರಂದು ಜಾನ್ಸ್ಟನ್ ಹೊಸ ಕರಾರಿಗೆ ಒಪ್ಪಿ ಷರ್ಮನನ ಮುಂದೆಯೇ ಸಹಿ ಹಾಕಿದನು. ಗ್ರಾಂಟ್ ಅದನ್ನು ಅನುಮೋದಿಸಿ ಹಿಂದಿರುಗಿದನು.

ಶಾಂತಿಕಾಲದಲ್ಲಿ ಈ ಸ್ನೇಹ ಅಷ್ಟು ಚೆನ್ನಾಗಿ ಬಾಳಲಿಲ್ಲ. ೧೮೬೯ರಲ್ಲಿ ಗ್ರಾಂಟ್ ರಾಷ್ಟ್ರಾಧ್ಯಕ್ಷನಾದಾಗ ಷರ್ಮನ್ ಸೇನಾಧಿಪತಿಯಾದನು. ಸೈನ್ಯದ ಇಲಾಖೆಗಳು ಸೇನಾಧಿಪತಿಗೆ ಅಧೀನವೆಂದು ಹೊರಟ ಆಜ್ಞೆ ಕೆಲವೇ ವಾರಗಳಲ್ಲಿ ರದ್ದಾಯಿತು. ಯುದ್ಧಮಂತ್ರಿಗಳೊಡನೆ ತಿಕ್ಕಾಟ ಬೆಳೆದು, ೧೮೭೪ರಲ್ಲಿ ಷರ್ಮನ್ ತನ್ನ ಕಚೇರಿಯನ್ನೇ ರಾಜಧಾನಿಯಿಂದ ಸೇಂಟ್ ಲೂಯಿಸಿಗೆ ಸಾಗಿಸಿದನು. ೧೮೮೫ರಲ್ಲಿ ಗಂಟಲಿನ ಹುಣ್ಣಿನಿಂದ ಸಾಯುತ್ತ ಗ್ರಾಂಟನು ಬರೆದ ಆತ್ಮಚರಿತ್ರೆಯಲ್ಲಿ ವಿಕ್ಸ್‌ಬರ್ಗಿನ ಆ ಕಾಗದದ ಪ್ರಸ್ತಾಪ ಬರುತ್ತದೆ. ಷರ್ಮನನೇ ಅದನ್ನು ಹೊರಗೆ ಹೇಳಿರದಿದ್ದರೆ ತಾನು ಅದನ್ನು ಹೇಳುತ್ತಿರಲಿಲ್ಲವೆಂದು ಅವನು ಅಲ್ಲಿ ತಿಳಿಸಿದ್ದಾನೆ.